ಹಾಸ್ಯನಟ ಹೂಡಿದ ಬಂಡವಾಳ

ಕನ್ನಡ ಚಿತ್ರರಂಗದ ಚರಿತ್ರೆಯನ್ನು ನಾಯಕರ ಹೆಸರಿನಲ್ಲಿ ಬರೆಯುವುದು ರೂಢಿ. ಬಹಳವೆಂದರೆ ನಿರ್ದೇಶಕರ ಹೆಸರು ಜೊತೆಗೆ ಸೇರುತ್ತದೆ. ಹಣ ಯಾರದ್ದು, ಯಾವ ಧೈರ್ಯದ ಮೇಲೆ ಹಾಕಿದರು ಎಂದು ಕೇಳುತ್ತಾ ಹೋದರೆ ಮಾತ್ರ ಬೇರೆಯದೇ ಹೆಸರುಗಳು ಎದುರಾಗುತ್ತವೆ. ಅವುಗಳಲ್ಲಿ ಹಾಸ್ಯನಟರ ಹೆಸರುಗಳು ಎದ್ದು ಕಾಣುತ್ತವೆ. ತೆರೆಯ ಮೇಲೆ ಒದೆ ತಿಂದು, ಎಡವಿ ಬಿದ್ದು, ನಾಯಕನ ಹಿಂದೆ ಓಡಿ ನಗಿಸಿದವರು ತೆರೆಯಾಚೆ ಸ್ವಂತ ಮನೆಯನ್ನು ಒತ್ತೆಯಿಟ್ಟು ಚಿತ್ರ ತೆಗೆದಿದ್ದಾರೆ. ಈ ಸಾಲಿನಲ್ಲಿ ಎಲ್ಲರಿಗಿಂತ ದೀರ್ಘಕಾಲ ನಿಂತು ಆಡಿದವರು ದ್ವಾರಕೀಶ್. 1964ರಲ್ಲಿ ಬಣ್ಣ ಹಚ್ಚಿದ ಅವರು 2019ರಲ್ಲೂ ಚಿತ್ರ ನಿರ್ಮಿಸುತ್ತಿದ್ದರು. ಅವರನ್ನು ‘ಪ್ರಚಂಡ ಕುಳ್ಳ’ ಎಂದು ನೆನೆದು ನಕ್ಕು ಸುಮ್ಮನಾಗುವುದು ಸಾಲದು ಎಂಬುದು ನನ್ನ ಗಟ್ಟಿ ಅಭಿಪ್ರಾಯ.

ಈ ಕಥೆ ಅವರಿಗಿಂತ ಹಿಂದೆಯೇ ಶುರುವಾಗುತ್ತದೆ. 1954ರ ‘ಬೇಡರ ಕಣ್ಣಪ್ಪ’ದಿಂದ ರಾಜಕುಮಾರ್, ನರಸಿಂಹರಾಜು, ಜಿ.ವಿ. ಅಯ್ಯರ್ ಮನೆಮಾತಾದರು. ಆದರೆ ಆಗ ಕನ್ನಡದಲ್ಲಿ ವರ್ಷಕ್ಕೆ ತಯಾರಾಗುತ್ತಿದ್ದ ಚಿತ್ರಗಳು ಬೆರಳೆಣಿಕೆಯವು. ಸ್ಟುಡಿಯೋ, ಲ್ಯಾಬೊರೇಟರಿ, ರೀರೆಕಾರ್ಡಿಂಗ್ ಬಹುಪಾಲು ಮದರಾಸಿನಲ್ಲಿತ್ತು. ತಮಿಳು, ತೆಲುಗು ಚಿತ್ರಗಳ ಕೆಲಸ ಮುಗಿದ ಮೇಲೆ ಉಳಿದ ಫ್ಲೋರು ಕನ್ನಡಕ್ಕೆ. ಹೆಸರು ಬಂದರೂ ಕೆಲಸವಿಲ್ಲದ ಆ ದಿನಗಳಲ್ಲಿ ಕಲಾವಿದರು ಮತ್ತೆ ನಾಟಕ ಕಟ್ಟಿಕೊಂಡು ಊರೂರು ತಿರುಗಿದರು. ಆಮೇಲೆ ನಾಲ್ವರು ಸೇರಿ ತಾವೇ ಚಿತ್ರ ತೆಗೆಯಲು ನಿಂತರು. 1960ರ ‘ರಣಧೀರ ಕಂಠೀರವ’ ಹೀಗೆ ಹುಟ್ಟಿತು. ಆ ನಾಲ್ವರು ಪಾಲುದಾರರು ರಾಜಕುಮಾರ್, ಜಿ.ವಿ. ಅಯ್ಯರ್, ನರಸಿಂಹರಾಜು ಮತ್ತು ಬಾಲಕೃಷ್ಣ. ಅರ್ಧದಷ್ಟು ಜನ ಹಾಸ್ಯನಟರು ಎಂಬುದನ್ನು ನಾವು ಸಾಮಾನ್ಯವಾಗಿ ಗಮನಿಸುವುದಿಲ್ಲ.

ಬಾಲಕೃಷ್ಣ ಅವರಿಗೆ ಕಿವಿ ಕೇಳಿಸುತ್ತಿರಲಿಲ್ಲ. ಎದುರಿನ ನಟನ ತುಟಿ ನೋಡಿ, ತಮ್ಮ ಮಾತಿನ ಸರದಿ ಬಂತೆಂದು ತಿಳಿದು, ಎಳ್ಳಷ್ಟೂ ಲಯ ತಪ್ಪದೆ ಸಂಭಾಷಣೆ ಒಪ್ಪಿಸುತ್ತಿದ್ದರು. ನೂರಾರು ಚಿತ್ರಗಳಲ್ಲಿ ಹೀಗೆ ದುಡಿದದ್ದನ್ನು ಬೆಂಗಳೂರಿನಲ್ಲಿ ಅಭಿಮಾನ್ ಸ್ಟುಡಿಯೋ ಕಟ್ಟಲು ಸುರಿದರು. ಕನ್ನಡ ಚಿತ್ರಗಳು ಕನ್ನಡ ನೆಲದಲ್ಲೇ ತಯಾರಾಗಬೇಕೆಂಬ ಹಂಬಲ ಅವರದು. ನರಸಿಂಹರಾಜು 1967ರಲ್ಲಿ ‘ನಕ್ಕರೆ ಅದೇ ಸ್ವರ್ಗ’ದ ನಾಯಕರಾದರು, 1974ರಲ್ಲಿ ‘ಪ್ರೊಫೆಸರ್ ಹುಚ್ಚೂರಾಯ’ವನ್ನು ತಾವೇ ನಿರ್ಮಿಸಿದರು. ಕಂಪನಿ ನಾಟಕದಲ್ಲಿ ಬೆಳೆದ ಇವರಿಬ್ಬರಿಗೂ ಒಂದು ವಿಷಯ ಗೊತ್ತಿತ್ತು. ಪ್ರೇಕ್ಷಕ ನಾಯಕನನ್ನು ನೋಡಿ ಬೆರಗಾಗುತ್ತಾನೆ, ಆದರೆ ಹಾಸ್ಯಗಾರನನ್ನು ತನ್ನವನೆಂದುಕೊಳ್ಳುತ್ತಾನೆ. ಕಂಪನಿ ಮಾಲೀಕರು ಹಾಸ್ಯಪಾತ್ರಕ್ಕೆ ಒಳ್ಳೆಯ ಸಂಬಳ ಕೊಟ್ಟು ಉಳಿಸಿಕೊಳ್ಳುತ್ತಿದ್ದುದು ಅದಕ್ಕೇ.

ದ್ವಾರಕೀಶ್ ಬಂದದ್ದು ಕಂಪನಿ ನಾಟಕದಿಂದಲ್ಲ, ಆಟೊಮೊಬೈಲ್ ಅಂಗಡಿಯಿಂದ. 1942ರ ಆಗಸ್ಟ್ 19ರಂದು ಹುಣಸೂರಿನಲ್ಲಿ ಹುಟ್ಟಿದ ಬಂಗಲೆ ಶಾಮರಾವ್ ದ್ವಾರಕಾನಾಥ್ ಓದಿದ್ದು ಮೈಸೂರಿನಲ್ಲಿ. ಸಿಪಿಸಿ ಪಾಲಿಟೆಕ್ನಿಕ್‌ನಲ್ಲಿ ಮೆಕ್ಯಾನಿಕಲ್ ಡಿಪ್ಲೊಮಾ ಮುಗಿಸಿ, ಅಣ್ಣನ ಜೊತೆ ಸೇರಿ ಭಾರತ್ ಆಟೊ ಸ್ಪೇರ್ಸ್ ಎಂಬ ಬಿಡಿಭಾಗಗಳ ಅಂಗಡಿ ತೆರೆದರು. ವ್ಯಾಪಾರ ಕೈಗೆ ಹತ್ತಿತ್ತು. ಆದರೆ ಸೋದರಮಾವ ಹುಣಸೂರು ಕೃಷ್ಣಮೂರ್ತಿ ಮದರಾಸಿನಲ್ಲಿ ಚಿತ್ರ ನಿರ್ದೇಶಿಸುತ್ತಿದ್ದರು. ಅಳಿಯನಿಗೆ ಗಲ್ಲಾದ ಹಿಂದೆ ಕೂತಲ್ಲಿ ಕೂರಲಾಗಲಿಲ್ಲ. ಮಾವನ ‘ವೀರ ಸಂಕಲ್ಪ’ದಲ್ಲಿ 1964ರಲ್ಲಿ ಮೊದಲ ಪಾತ್ರ ಸಿಕ್ಕಿತು. ಮುಂದೆ ನಾಯಕನಟರಾದ ರಾಜೇಶ್ ಅವರಿಗೂ ಅದೇ ಮೊದಲ ಚಿತ್ರ. ದ್ವಾರಕಾನಾಥ್ ‘ದ್ವಾರಕೀಶ್’ ಆದದ್ದು ನಿರ್ದೇಶಕ ಸಿ.ವಿ. ಶಿವಶಂಕರ್ ಇಟ್ಟ ಹೆಸರಿನಿಂದ.

ಅಂಗಡಿಯ ಅನುಭವ ವ್ಯರ್ಥವಾಗಲಿಲ್ಲ ಎಂದೇ ನನಗನ್ನಿಸುತ್ತದೆ. ನಟನಾಗಿ ಎರಡು ವರ್ಷ ಕಳೆಯುವುದರೊಳಗೆ ಅವರು ಇನ್ನಿಬ್ಬರ ಜೊತೆ ಸೇರಿ ‘ಮಮತೆಯ ಬಂಧನ’ (1966) ನಿರ್ಮಿಸಿದ್ದರು. ಹಾಸ್ಯನಟನ ಆಯುಸ್ಸು ಬೇರೆಯವರ ಕೈಯಲ್ಲಿರುತ್ತದೆಂದು ಅಷ್ಟು ಬೇಗ ಅರ್ಥ ಮಾಡಿಕೊಂಡವರು ವಿರಳ. ಆ ಕಾಲದ ಚಿತ್ರಗಳಲ್ಲಿ ಹಾಸ್ಯ ಒಂದು ಪ್ರತ್ಯೇಕ ಹಳಿ. ಕಥೆ ಒಂದು ಕಡೆ ಹೋಗುತ್ತಿದ್ದರೆ ನಡುನಡುವೆ ಎರಡು ಮೂರು ದೃಶ್ಯ ಹಾಸ್ಯಕ್ಕೆಂದು ಬಿಟ್ಟಿರುತ್ತಿದ್ದರು. ಚಿತ್ರ ಉದ್ದವಾಯಿತೆಂದು ಹಂಚಿಕೆದಾರ ಗೊಣಗಿದರೆ ಮೊದಲು ಕತ್ತರಿ ಬೀಳುತ್ತಿದ್ದುದು ಅಲ್ಲಿಗೇ.

1969ರಲ್ಲಿ ದ್ವಾರಕೀಶ್ ಒಂಟಿಯಾಗಿ ನಿರ್ಮಿಸಿದ ‘ಮೇಯರ್ ಮುತ್ತಣ್ಣ’ ಬಂತು. ನಾಯಕ ರಾಜಕುಮಾರ್, ನಾಯಕಿ ಭಾರತಿ. ಹಳ್ಳಿಯಿಂದ ಬೆಂಗಳೂರಿಗೆ ಬಂದವನೊಬ್ಬ ನಗರದ ಮೇಯರ್ ಪಟ್ಟಕ್ಕೇರುವ ಕಥೆ. ರಾಜಕುಮಾರ್ ಅಷ್ಟರಲ್ಲಿ ನೂರು ಚಿತ್ರ ದಾಟಿದ ನಟ. ಅವರ ಕಾಲ್‌ಶೀಟ್ ಕೈಯಲ್ಲಿದ್ದ ನಿರ್ಮಾಪಕ ಪಳಗಿದ ನಿರ್ದೇಶಕನೊಬ್ಬನನ್ನು ಹುಡುಕಿ ನಿಶ್ಚಿಂತನಾಗಬಹುದಿತ್ತು. ಇಪ್ಪತ್ತೇಳರ ಆಸುಪಾಸಿನ ಈ ಹಾಸ್ಯನಟ ಆರಿಸಿಕೊಂಡದ್ದು ಅದುವರೆಗೆ ಒಂದೂ ಚಿತ್ರ ನಿರ್ದೇಶಿಸದ ಸಿದ್ದಲಿಂಗಯ್ಯ ಅವರನ್ನು. ಮೂರೇ ವರ್ಷದಲ್ಲಿ, 1972ರಲ್ಲಿ, ಅದೇ ಸಿದ್ದಲಿಂಗಯ್ಯ ‘ಬಂಗಾರದ ಮನುಷ್ಯ’ ತೆಗೆದರು. ಬೆಂಗಳೂರಿನ ಸ್ಟೇಟ್ಸ್ ಚಿತ್ರಮಂದಿರದಲ್ಲಿ ಅದು ಎರಡು ವರ್ಷ ಓಡಿತು. ಊರು ಬಿಟ್ಟು ಹೋಗಿದ್ದವರು ಅದನ್ನು ನೋಡಿ ಬೇಸಾಯಕ್ಕೆ ಮರಳಿದರೆಂಬ ಮಾತು ಇಂದಿಗೂ ನಾಡಿನಲ್ಲಿದೆ. ಆ ಚಿತ್ರದಲ್ಲಿ ದ್ವಾರಕೀಶ್ ಅವರಿಗೂ ಒಂದು ಪಾತ್ರವಿದೆ. ಆದರೆ ಅವರು ಅದಕ್ಕೆ ಮಾಡಿದ ದೊಡ್ಡ ಉಪಕಾರ ತೆರೆಯ ಮೇಲೆ ಕಾಣುವುದಿಲ್ಲ.

‘ಬಂಗಾರದ ಮನುಷ್ಯ’ ಬಂದ ಆ 1972ರಲ್ಲೇ ‘ಕುಳ್ಳ ಏಜೆಂಟ್ 000’ ತೆರೆಕಂಡಿತು. ಜೇಮ್ಸ್ ಬಾಂಡ್ ಜ್ವರ ಇಡೀ ದೇಶಕ್ಕೆ ಏರಿದ್ದ ಕಾಲ. ಕನ್ನಡದಲ್ಲಿ ರಾಜಕುಮಾರ್ ಅವರೇ ‘ಜೇಡರ ಬಲೆ’ಯಿಂದ ಪತ್ತೇದಾರನಾಗಿ ಗೆದ್ದಿದ್ದರು. ಆ ಬಗೆಯ ಚಿತ್ರಕ್ಕೆ ಎತ್ತರದ, ಅಗಲ ಎದೆಯ ನಾಯಕ ಬೇಕೆಂಬುದು ಎಲ್ಲರ ನಂಬಿಕೆ. ದ್ವಾರಕೀಶ್ ತಮ್ಮ ಎತ್ತರವನ್ನೇ ಶೀರ್ಷಿಕೆಯಲ್ಲಿಟ್ಟು ತಾವೇ ನಾಯಕರಾದರು. ನಿರ್ದೇಶನ ಕೆ.ಎಸ್.ಎಲ್. ಸ್ವಾಮಿ ಅವರದು, ಸಂಗೀತ ರಾಜನ್-ನಾಗೇಂದ್ರ. ಮುಂಬಯಿಯಿಂದ ಕಿಶೋರ್ ಕುಮಾರ್ ಅವರನ್ನು ಒಪ್ಪಿಸಿ ಹಾಡಿಸಿದರು. ಆ ಮಹಾಗಾಯಕ ಕನ್ನಡದಲ್ಲಿ ಹಾಡಿದ್ದು ಅದೊಂದೇ ಹಾಡು, ಅದೂ ಹಾಸ್ಯನಟನೊಬ್ಬನ ಬಾಯಿಗೆ. ಐವತ್ತು ವರ್ಷ ದಾಟಿದರೂ ಆರ್ಕೆಸ್ಟ್ರಾಗಳಲ್ಲಿ ಅದಕ್ಕೆ ಬೇಡಿಕೆ ಕುಂದಿಲ್ಲ.

‘ಕುಳ್ಳ’ ಎಂಬುದು ಬೀದಿಯಲ್ಲಿ ಮಕ್ಕಳು ಒಬ್ಬರನ್ನೊಬ್ಬರು ಅಣಕಿಸುವ ಮಾತು. ದೇಹದ ಲಕ್ಷಣವನ್ನು ಆಡಿಕೊಂಡು ನಗುವುದು ಆ ಕಾಲದ ಹಾಸ್ಯದಲ್ಲಿ ಧಾರಾಳವಾಗಿತ್ತು. ಇಂದು ಕೆಲವು ದೃಶ್ಯಗಳನ್ನು ನೋಡುವಾಗ ಮನಸ್ಸಿಗೆ ಹಿತವೆನಿಸುವುದಿಲ್ಲ, ಅದನ್ನು ಹೇಳಿಬಿಡಬೇಕು. ಆದರೆ ಬೇರೆಯವರು ಅಣಕಿಸುವ ಮೊದಲೇ ಆ ಮಾತನ್ನು ಕಿತ್ತುಕೊಂಡು ತನ್ನ ಚಿತ್ರದ ಫಲಕಕ್ಕೆ ದೊಡ್ಡ ಅಕ್ಷರದಲ್ಲಿ ಹಾಕಿದವನ ಸ್ಥಿತಿ ಬೇರೆ. ಅವರ ಚಿತ್ರಗಳಲ್ಲಿ ಕುಳ್ಳ ಸೋಲುವುದಿಲ್ಲ. ಹೊಡೆತ ತಿಂದರೂ ಕೊನೆಗೆ ಉಪಾಯದಿಂದ ಗೆಲ್ಲುತ್ತಾನೆ. ಅವರ ನಟನೆಯ ಗುಟ್ಟು ಇರುವುದು ವೇಗದಲ್ಲಿ. ಹೆಜ್ಜೆ ಚುರುಕು, ಕಣ್ಣು ಅದಕ್ಕಿಂತ ಚುರುಕು, ಮಾತು ಒಂದೇ ಉಸಿರಿಗೆ ಏರುದನಿಯಲ್ಲಿ ಹರಿದು ಥಟ್ಟನೆ ನಿಲ್ಲುತ್ತದೆ. ನರಸಿಂಹರಾಜು ಅವರಂತೆ ಮುಖದ ಒಂದೊಂದು ಗೆರೆಯನ್ನೂ ಆಡಿಸುವ ಕಲೆ ಇವರದಲ್ಲ. ಬಾಲಕೃಷ್ಣರಂತೆ ನಗುವಿನೊಳಗೆ ವಿಷ ಬೆರೆಸುವ ಸೂಕ್ಷ್ಮವೂ ಇವರಿಗೆ ಸಿದ್ಧಿಸಲಿಲ್ಲ. ನಟರಾಗಿ ಆ ಇಬ್ಬರು ಹಿರಿಯರು ಇವರಿಗಿಂತ ಮೇಲೆಂದು ನಾನು ಭಾವಿಸುತ್ತೇನೆ. ಇನ್ನೊಬ್ಬ ನಟನ ಪಕ್ಕ ನಿಂತು ಆ ನಟನನ್ನೂ ಹಗುರಗೊಳಿಸುವ ಶಕ್ತಿ ಮಾತ್ರ ದ್ವಾರಕೀಶ್ ಅವರಷ್ಟು ಬೇರೆ ಯಾರಲ್ಲೂ ಇರಲಿಲ್ಲ.

ಅದರ ಫಲ ಉಂಡವರು ವಿಷ್ಣುವರ್ಧನ್. 1972ರ ‘ನಾಗರಹಾವು’ ಅವರನ್ನು ಸಿಡುಕಿನ ಯುವಕನಾಗಿ ಪರಿಚಯಿಸಿತ್ತು. ರಾಜಕುಮಾರ್ ಜೊತೆ ನಟಿಸಿದ ‘ಗಂಧದ ಗುಡಿ’ಯ ನಂತರ ಅಭಿಮಾನಿಗಳ ಬಣ ಜಗಳ ಆ ಯುವನಟನ ದಾರಿಯನ್ನು ಕಹಿಯಾಗಿಸಿತ್ತು. ಮೈಸೂರಿನವರೇ ಆದ ದ್ವಾರಕೀಶ್ ಕೈ ಹಿಡಿದರು. 1975ರ ‘ಕಳ್ಳ ಕುಳ್ಳ’ದಲ್ಲಿ ವಿಷ್ಣು ನಕ್ಕರು, ಕುಣಿದರು, ತುಂಟಾಟವಾಡಿದರು. ಉದ್ದ-ಗಿಡ್ಡ ಜೋಡಿ ಜನರಿಗೆ ಹಿಡಿಸಿತು. ‘ಕಿಟ್ಟು ಪುಟ್ಟು’, ‘ಭಲೇ ಹುಡುಗ’, ‘ಗುರು ಶಿಷ್ಯರು’ ಸಾಲಾಗಿ ಬಂದವು. ಹಾಸ್ಯನಟನ ಹೆಸರು ನಾಯಕನ ಹೆಸರಿನ ಪಕ್ಕದಲ್ಲೇ, ಕೆಲವೊಮ್ಮೆ ಶೀರ್ಷಿಕೆಯ ಒಳಗೇ ಸೇರಿಕೊಂಡಿತು. ಹಾಸ್ಯದ ಹಳಿ ಕಥೆಯ ಹಳಿಯೊಂದಿಗೆ ಕೂಡಿಕೊಂಡದ್ದು ಈ ಚಿತ್ರಗಳಲ್ಲಿ. ಇಲ್ಲಿ ಕುಳ್ಳನ ದೃಶ್ಯ ಕತ್ತರಿಸಿದರೆ ಕಥೆಯೇ ಉಳಿಯುವುದಿಲ್ಲ.

1978ರ ‘ಸಿಂಗಾಪುರದಲ್ಲಿ ರಾಜಾ ಕುಳ್ಳ’ದ ಬಗ್ಗೆ ಸ್ವಲ್ಪ ನಿಂತು ಹೇಳಬೇಕು. ಹೊರದೇಶದಲ್ಲಿ ಚಿತ್ರೀಕರಣಗೊಂಡ ಮೊದಲ ಕನ್ನಡ ಚಿತ್ರ ಅದು. ಸಿ.ವಿ. ರಾಜೇಂದ್ರನ್ ನಿರ್ದೇಶಿಸಿದ್ದರು, ಮಂಜುಳಾ ನಾಯಕಿ. ಇಂದು ಒಂದು ಹಾಡಿಗಾಗಿ ಯುರೋಪಿಗೆ ಹಾರುವವರಿಗೆ ಅದರ ತೂಕ ತಿಳಿಯುವುದು ಕಷ್ಟ. ವಿದೇಶಿ ವಿನಿಮಯಕ್ಕೆ ಅಂದು ಕಟ್ಟುನಿಟ್ಟಿನ ನಿಯಂತ್ರಣವಿತ್ತು. ಹೊರಗೆ ಖರ್ಚು ಮಾಡುವ ಹಣಕ್ಕೆ ರಿಸರ್ವ್ ಬ್ಯಾಂಕಿನ ಅನುಮತಿ ಬೇಕಿತ್ತು. ಕ್ಯಾಮೆರಾ, ಕಚ್ಚಾ ಫಿಲ್ಮು ಕೊಂಡೊಯ್ದು ಮರಳಿ ತರಲು ಕಸ್ಟಮ್ಸ್ ಕಾಗದಗಳು. ಕನ್ನಡ ಚಿತ್ರಕ್ಕಿದ್ದ ಮಾರುಕಟ್ಟೆಯಾದರೂ ಎಷ್ಟು? ಹಳೇ ಮೈಸೂರಿನ ಜಿಲ್ಲೆಗಳೇ ಅದರ ಮುಖ್ಯ ಆಸರೆ. ಬೆಳಗಾವಿ, ಬಳ್ಳಾರಿ, ಕಲಬುರಗಿಯ ಕಡೆ ಮರಾಠಿ, ತೆಲುಗು, ಹಿಂದಿ ಚಿತ್ರಗಳ ಜೊತೆ ಪ್ರತಿವಾರ ಗುದ್ದಾಟ. ಅಂಥ ಕಿರಿದಾದ ಮಾರುಕಟ್ಟೆಯನ್ನು ನಂಬಿ ಇಡೀ ತಂಡವನ್ನು ಸಮುದ್ರದಾಚೆ ಕರೆದೊಯ್ಯುವ ಮನಸ್ಸು ದೊಡ್ಡ ಬ್ಯಾನರುಗಳಿಗೆ ಬರಲಿಲ್ಲ, ಒಬ್ಬ ಹಾಸ್ಯನಟನಿಗೆ ಬಂತು. ತೆರೆಯ ಮೇಲೆ ಸಿಂಗಾಪುರದ ಬೀದಿಗಳಲ್ಲಿ ಕನ್ನಡ ಮಾತು ಕೇಳಿದಾಗ ಮಂಡ್ಯದ, ಹಾಸನದ ಟೆಂಟುಗಳಲ್ಲಿ ಕೂತವರು ಪಟ್ಟ ಸಡಗರ ಆ ಖರ್ಚನ್ನು ಸಮರ್ಥಿಸುತ್ತದೆ. ಎಂಟು ವರ್ಷದ ನಂತರ ‘ಆಫ್ರಿಕಾದಲ್ಲಿ ಶೀಲಾ’ ಚಿತ್ರಕ್ಕಾಗಿ ಅವರು ಆಫ್ರಿಕಾ ಖಂಡಕ್ಕೂ ತಂಡ ಒಯ್ದರು.

ಎಂಬತ್ತರ ದಶಕದಲ್ಲಿ ಅವರ ಓಡಾಟ ಕನ್ನಡದ ಗಡಿ ದಾಟಿತು. ಬೆಂಗಳೂರಿನಲ್ಲಿ ಬಸ್ ಕಂಡಕ್ಟರ್ ಆಗಿದ್ದ ರಜನಿಕಾಂತ್ ಆ ಹೊತ್ತಿಗೆ ತಮಿಳಿನ ತಾರೆ. ಅವರನ್ನು ನಾಯಕರಾಗಿಸಿ 1983ರಲ್ಲಿ ತಮಿಳಿನ ‘ಅಡುತ್ತ ವಾರಿಸು’, ಮರುವರ್ಷ ಹಿಂದಿಯ ‘ಗಂಗ್ವಾ’ ನಿರ್ಮಿಸಿದರು. 1985ರಲ್ಲಿ ‘ನೀ ಬರೆದ ಕಾದಂಬರಿ’ಯೊಂದಿಗೆ ನಿರ್ದೇಶಕರ ಕುರ್ಚಿಯಲ್ಲಿ ಕೂತರು. ಕುಣಿತ, ತಮಾಷೆ ಬದಿಗಿಟ್ಟು ದಂಪತಿಯ ಅಗಲಿಕೆಯ ಕಥೆ ಹೇಳಿದ ಆ ಚಿತ್ರ ಭಾರಿ ಗೆಲುವು ಕಂಡಿತು. ಅದೇ ಕಥೆಯನ್ನು ಮರುವರ್ಷ ರಜನಿಕಾಂತ್, ಶ್ರೀದೇವಿ ಜೋಡಿಯೊಂದಿಗೆ ‘ನಾನ್ ಅಡಿಮೈ ಇಲ್ಲೈ’ ಎಂದು ತಮಿಳಿನಲ್ಲಿ ನಿರ್ದೇಶಿಸಿದರು. ಮೂಲ ಹಿಂದಿಯ ‘ಪ್ಯಾರ್ ಝುಕ್ತಾ ನಹೀಂ’. ಇಲ್ಲಿ ಒಂದು ಆಕ್ಷೇಪಕ್ಕೆ ಉತ್ತರ ಕೊಡಲೇಬೇಕು. ದ್ವಾರಕೀಶ್ ತೆಗೆದವುಗಳಲ್ಲಿ ರೀಮೇಕುಗಳು ಹಲವು. ಸ್ವಂತ ಕಥೆ, ಕಾದಂಬರಿ ಆಧಾರಿತ ಚಿತ್ರಗಳಿಂದ ಕನ್ನಡಕ್ಕೆ ಗೌರವ ತಂದ ಪುಟ್ಟಣ್ಣ ಕಣಗಾಲರ ಕಾಲದಲ್ಲಿ ಈ ಎರವಲು ಹಲವರಿಗೆ ಸಹಿಸಲಿಲ್ಲ. ಆ ಅಸಮಾಧಾನ ನ್ಯಾಯವಾದದ್ದೇ. ಆದರೆ ಸಾಲದ ಹಣದಲ್ಲಿ ವರ್ಷಕ್ಕೊಂದು ಚಿತ್ರ ತೆಗೆಯುವವನಿಗೆ ಒಂದು ಕಡೆ ಗೆದ್ದ ಕಥೆ ಬಡ್ಡಿಯ ಭಯ ತಗ್ಗಿಸುತ್ತದೆ. ಆ ಭದ್ರತೆಯನ್ನು ಅವರು ಬಳಸಿಕೊಂಡದ್ದು ಹೊಸಬರನ್ನು ತರಲು.

ಹೊಸಬರ ಪಟ್ಟಿ ನೋಡಿದರೆ ಅವರ ಕಣ್ಣಿನ ಅರಿವಾಗುತ್ತದೆ. 1977ರ ‘ಭಾಗ್ಯವಂತರು’ ರಾಜಕುಮಾರ್, ಬಿ. ಸರೋಜಾದೇವಿ ಅಭಿನಯದ ದೊಡ್ಡ ಚಿತ್ರ. ನಿರ್ದೇಶಕ ಭಾರ್ಗವ ಅವರಿಗೆ ಅದೇ ಮೊದಲ ಚಿತ್ರ. ಮುಂದೆ ವಿಷ್ಣುವರ್ಧನ್ ಅವರನ್ನು ಅತಿ ಹೆಚ್ಚು ಚಿತ್ರಗಳಲ್ಲಿ ನಿರ್ದೇಶಿಸಿದವರು ಈ ಭಾರ್ಗವ. 1987ರ ‘ಡ್ಯಾನ್ಸ್ ರಾಜಾ ಡ್ಯಾನ್ಸ್’ ಲೀಲಾವತಿಯವರ ಮಗ ವಿನೋದ್ ರಾಜ್ ಅವರನ್ನು ನಾಯಕನನ್ನಾಗಿಸಿತು. ವಿಷ್ಣುವರ್ಧನ್ ಜೊತೆ ಮನಸ್ತಾಪ ಬಂದು ದೂರವಾಗಿದ್ದ ದಿನಗಳವು. ದೊಡ್ಡ ನಾಯಕನಿಲ್ಲದೆಯೂ ಚಿತ್ರ ಗೆಲ್ಲಿಸಬಲ್ಲೆನೆಂದು ತೋರಿಸುವ ಹಟ ಆ ಆಯ್ಕೆಗಳಲ್ಲಿ ಕಾಣುತ್ತದೆ. 1990ರ ‘ಶ್ರುತಿ’ ಅದರ ತುದಿ. ಆ ಚಿತ್ರದ ಹೆಸರನ್ನೇ ನಾಯಕಿ ತಮ್ಮ ಹೆಸರಾಗಿಸಿಕೊಂಡರು. ಇಡೀ ದಶಕ ಕನ್ನಡ ಕುಟುಂಬಗಳನ್ನು ಅಳಿಸಿದ ಶ್ರುತಿ ಆ ಚಿತ್ರದ ಕೊಡುಗೆ. 1993ರಲ್ಲಿ ‘ರಾಯರು ಬಂದರು ಮಾವನ ಮನೆಗೆ’ ಚಿತ್ರದೊಂದಿಗೆ ಹಳೆಯ ಗೆಳೆಯರು ಮತ್ತೆ ಒಂದಾದರು. ಅವರಿಬ್ಬರ ಜಗಳ-ರಾಜಿಗಳನ್ನು ಪತ್ರಿಕೆಗಳು ಬೇಕಾದಷ್ಟು ಬರೆದಿವೆ, ಇಲ್ಲಿ ಬೆಳೆಸುವುದು ಬೇಡ.

ತೊಂಬತ್ತರ ದಶಕದ ಉತ್ತರಾರ್ಧ ಅವರಿಗೆ ಕೆಟ್ಟದ್ದು. ಪ್ರೇಕ್ಷಕರ ರುಚಿ ಬದಲಾಗಿತ್ತು. ಟಿ.ವಿ. ಮನೆಮನೆಗೆ ಬಂದಿತ್ತು. ಚಿತ್ರಗಳು ಸೋತವು, ಸಾಲ ಬೆಳೆಯಿತು, ಆಸ್ತಿ ಕರಗಿತು. ಯಾವುದನ್ನೂ ಅವರು ಮುಚ್ಚಿಡಲಿಲ್ಲ. ಸಂದರ್ಶನಗಳಲ್ಲಿ ಮನೆ ಮಾರಿದ್ದು, ಸಾಲಗಾರರು ಬಂದದ್ದು ಎಲ್ಲವನ್ನೂ ನಗುನಗುತ್ತಲೇ ಹೇಳಿಕೊಂಡರು. 2004ರ ವಿಧಾನಸಭೆ ಚುನಾವಣೆಯಲ್ಲಿ ಹುಟ್ಟೂರು ಹುಣಸೂರಿನಿಂದ ಕನ್ನಡ ನಾಡು ಪಕ್ಷದ ಅಭ್ಯರ್ಥಿಯಾಗಿ ನಿಂತು ಸೋತರು. ಅರವತ್ತೆರಡರ ಹೊಸ್ತಿಲಲ್ಲಿ ಇನ್ನೊಬ್ಬರಾಗಿದ್ದರೆ ಬಾಗಿಲು ಹಾಕಿಕೊಳ್ಳುತ್ತಿದ್ದರು.

ಅದೇ ವರ್ಷ ‘ಆಪ್ತಮಿತ್ರ’ ಬಂತು. ಮಲಯಾಳಂನಲ್ಲಿ ಫಾಜಿಲ್ 1993ರಲ್ಲಿ ನಿರ್ದೇಶಿಸಿದ್ದ ‘ಮಣಿಚಿತ್ರತ್ತಾಳ್’ ಹನ್ನೊಂದು ವರ್ಷ ಬೇರೆ ಯಾವ ದಕ್ಷಿಣದ ಭಾಷೆಯವರೂ ಮುಟ್ಟದೆ ಬಿಟ್ಟಿದ್ದ ಕಥೆ. ಹಳೆಯ ಬಂಗಲೆ, ನರ್ತಕಿಯ ಆತ್ಮ, ಮನೋವೈದ್ಯ. ಇಂಥದ್ದಕ್ಕೆ ಹೊಡೆದಾಟದ ನಾಯಕನ ಅಭಿಮಾನಿಗಳು ಬರುತ್ತಾರೆಯೇ ಎಂಬ ಅಳುಕು ಸಹಜ. ದ್ವಾರಕೀಶ್ ಪಿ. ವಾಸು ಅವರನ್ನು ನಿರ್ದೇಶನಕ್ಕೆ ಕರೆದರು. ವಿಷ್ಣುವರ್ಧನ್, ಸೌಂದರ್ಯ, ರಮೇಶ್ ಅರವಿಂದ್, ಪ್ರೇಮಾ, ಅವಿನಾಶ್ ಸೇರಿದರು. ಚಿತ್ರ ಮುಗಿದು ತೆರೆಕಾಣುವ ಮುನ್ನ, ಏಪ್ರಿಲ್ 17ರಂದು, ಬೆಂಗಳೂರಿನ ಜಕ್ಕೂರಿನಿಂದ ಹಾರಿದ ಸಣ್ಣ ವಿಮಾನ ಬಿದ್ದು ಸೌಂದರ್ಯ ತೀರಿಕೊಂಡರು. ಆಗಸ್ಟ್‌ನಲ್ಲಿ ಚಿತ್ರಮಂದಿರಗಳಲ್ಲಿ ನಾಗವಲ್ಲಿಯಾಗಿ ಕುಣಿದ ಆ ನಟಿಯನ್ನು ನೋಡಿದವರು ಒಂದೇ ಸಲಕ್ಕೆ ಬೆರಗನ್ನೂ ದುಃಖವನ್ನೂ ಅನುಭವಿಸಿದರು. ಚಿತ್ರ ಒಂದು ವರ್ಷಕ್ಕೂ ಮೀರಿ ಓಡಿತು. ಸಾಲದಲ್ಲಿ ಮುಳುಗಿದ್ದ ಸಂಸ್ಥೆ ಎದ್ದು ನಿಂತಿತು. ಮರುವರ್ಷ ಅದೇ ವಾಸು ಇದೇ ಕಥೆಯನ್ನು ರಜನಿಕಾಂತ್ ನಾಯಕತ್ವದಲ್ಲಿ ‘ಚಂದ್ರಮುಖಿ’ಯಾಗಿ ತಮಿಳಿಗೆ ಒಯ್ದರು. ಚೆನ್ನೈಯಿಂದ ಕಥೆ ಎರವಲು ತರುತ್ತಿದ್ದ ಕನ್ನಡದ ನಿರ್ಮಾಪಕನೊಬ್ಬ ಒಂದು ಸಲ ಚೆನ್ನೈಗೇ ದಾರಿ ತೋರಿದ್ದ.

2009ರ ಡಿಸೆಂಬರ್ 30ರಂದು ವಿಷ್ಣುವರ್ಧನ್ ಮೈಸೂರಿನಲ್ಲಿ ನಿಧನರಾದರು. ಅಂತ್ಯಕ್ರಿಯೆ ನಡೆದದ್ದು ಅಭಿಮಾನ್ ಸ್ಟುಡಿಯೋದಲ್ಲಿ, ಅಂದರೆ ಬಾಲಕೃಷ್ಣ ತಮ್ಮ ದುಡಿಮೆ ಸುರಿದು ಕಟ್ಟಿದ ಆ ನೆಲದಲ್ಲಿ. ಗೆಳೆಯನಿಲ್ಲದ ಮೇಲೂ ದ್ವಾರಕೀಶ್ ನಿಲ್ಲಿಸಲಿಲ್ಲ. 2011ರಲ್ಲಿ ಸುದೀಪ್ ನಾಯಕರಾದ ಚಿತ್ರಕ್ಕೆ ‘ವಿಷ್ಣುವರ್ಧನ’ ಎಂದೇ ಹೆಸರಿಟ್ಟರು. 2012ರಲ್ಲಿ ಪ್ರಿಯಾಮಣಿ ಸಯಾಮಿ ಅವಳಿಗಳಾಗಿ ನಟಿಸಿದ ‘ಚಾರುಲತಾ’, 2017ರಲ್ಲಿ ಸಂಸ್ಥೆಯ ಐವತ್ತನೆಯ ಚಿತ್ರ ‘ಚೌಕ’. ಇಂಥ ಮೈಲಿಗಲ್ಲಿಗೆ ಹೆಸರಾಂತ ನಿರ್ದೇಶಕರು ಸಿಗದೆ ಇರುತ್ತಿರಲಿಲ್ಲ. ಅವಕಾಶ ಹೋದದ್ದು ನಟ ಸುಧೀರ್ ಅವರ ಮಗ ತರುಣ್ ಸುಧೀರ್‌ಗೆ, ಅವರ ಮೊದಲ ನಿರ್ದೇಶನಕ್ಕೆ. ತರುಣ್ ಮುಂದೆ ‘ರಾಬರ್ಟ್’, ‘ಕಾಟೇರ’ ನಿರ್ದೇಶಿಸಿ ಗೆದ್ದರು. 2024ರ ಏಪ್ರಿಲ್ 16ರಂದು ದ್ವಾರಕೀಶ್ ಬೆಂಗಳೂರಿನಲ್ಲಿ ಕೊನೆಯುಸಿರೆಳೆದಾಗ ಅವರಿಗೆ 81 ವರ್ಷ.

ಹಾಸ್ಯನಟರು ದುಡ್ಡು ಹೂಡುವ ಆ ಪರಂಪರೆ ಅವರೊಂದಿಗೆ ಮುಗಿಯಲಿಲ್ಲ. 2012ರಲ್ಲಿ ‘ರ್‍ಯಾಂಬೊ’ ಎಂಬ ಚಿತ್ರ ಬಂತು. ನಾಯಕ ಶರಣ್, ಅದುವರೆಗೆ ತೊಂಬತ್ತಕ್ಕೂ ಹೆಚ್ಚು ಚಿತ್ರಗಳಲ್ಲಿ ನಾಯಕರ ಗೆಳೆಯನಾಗಿ ನಗಿಸಿದ್ದವರು. ನೂರನೆಯ ಚಿತ್ರಕ್ಕೆ ಅವರೂ ನಿರ್ಮಾಣದಲ್ಲಿ ಪಾಲುದಾರರಾಗಿ ಬಂಡವಾಳ ಹಾಕಿ ತಾವೇ ನಾಯಕರಾದರು. ಚಿತ್ರ ಗೆದ್ದಿತು. ಅಲ್ಲಿಂದ ಮುಂದೆ ಶರಣ್ ಹೆಸರಿನ ಮೇಲೆಯೇ ಚಿತ್ರಗಳು ವ್ಯಾಪಾರವಾಗತೊಡಗಿದವು. ಶರಣ್, ದ್ವಾರಕೀಶ್ ಅವರ ಚಿತ್ರದಿಂದಲೇ ಹೆಸರು ಪಡೆದ ಆ ನಟಿ ಶ್ರುತಿಯವರ ಸಹೋದರ.